ಮೈಕ್ ಹಿಡಿದ ವೈಸ್ ಪ್ರೆಸಿಡೆಂಟ್

ಅವರ ಹೆಸರು ಬರೆಯುವುದಿಲ್ಲ. ನಾವಿಬ್ಬರೂ ದುಡಿದ ವಿಮಾನ ಕಂಪನಿಯ ಹೆಸರನ್ನೂ ಬರೆಯುವುದಿಲ್ಲ. ಅದು ಮುಚ್ಚಿಹೋಗಿದೆ, ಅದರ ವಿಮಾನಗಳು ಬೇರೆ ಬಣ್ಣ ಬಳಿಸಿಕೊಂಡು ಬೇರೆ ಯಾರದೋ ಹೆಸರಿನಲ್ಲಿ ಹಾರುತ್ತಿವೆ. ಕಂಪನಿಯಲ್ಲಿ ಎಲ್ಲರಂತೆ ನಾನೂ ಅವರನ್ನು ಸಾರ್ ಎಂದೇ ಕರೆದೆ. ಹೋದ ತಿಂಗಳು ಅವರು ತೀರಿಕೊಂಡಾಗ ತ್ಯಾಗರಾಜನಗರದ ಅವರ ಮನೆಯ ಮುಂದೆ ನಿಂತಿದ್ದವರಲ್ಲಿ ಮುಕ್ಕಾಲು ಪಾಲು ಜನ ಅವರನ್ನು ಹಾಗೆಯೇ ಕರೆಯುವವರು. ಡ್ಯೂಟಿಯಿಂದ ನೇರವಾಗಿ ಬಂದವರೂ ಇದ್ದರು. ಪಕ್ಕದ ಮನೆಯ ಹಿರಿಯರೊಬ್ಬರು ನನ್ನ ಬಳಿ ಬಂದು, "ಇವ್ರು ಏನ್ ಕೆಲ್ಸ ಮಾಡ್ತಿದ್ರಮ್ಮಾ? ಇಷ್ಟೊಂದು ಜನ ಯೂನಿಫಾರಂನಲ್ಲಿ ಬಂದಿದಾರಲ್ಲ" ಎಂದು ಕೇಳಿದರು.

"ಏರ್‌ಲೈನಲ್ಲಿ ದೊಡ್ಡ ಆಫೀಸರ್ ಆಗಿದ್ರು ಅಂಕಲ್" ಎಂದೆ.

"ಹೌದಾ? ನಾನು ಹುಡುಗ್ರಿಗೆ ಟ್ಯೂಷನ್ ಹೇಳ್ಕೊಡ್ತಾರೆ ಅಂದ್ಕೊಂಡಿದ್ದೆ" ಎಂದರು.

ಅವರ ತಪ್ಪಲ್ಲ. ಕೊನೆಯ ವರ್ಷಗಳಲ್ಲಿ ಆ ಮನೆಗೆ ಬಂದುಹೋಗುತ್ತಿದ್ದವರನ್ನು ನೋಡಿದರೆ ಯಾರಿಗಾದರೂ ಹಾಗೆಯೇ ಅನಿಸುತ್ತಿತ್ತು.

ನಾನು ಡಿಗ್ರಿ ಮುಗಿಸಿ ಕೆಲಸಕ್ಕೆ ಸೇರಿದಾಗ ಅವರು ಬೆಂಗಳೂರು ನಿಲ್ದಾಣದ ಮ್ಯಾನೇಜರ್. ವಿಮಾನ ನೆಲದ ಮೇಲಿರುವಷ್ಟು ಹೊತ್ತು ಅದಕ್ಕೆ ಸಂಬಂಧಿಸಿದ್ದೆಲ್ಲವೂ ಅವರ ಜವಾಬ್ದಾರಿ: ಕೌಂಟರು, ಲಗೇಜು, ಗಾಲಿಕುರ್ಚಿ, ಜಗಳ. ನನ್ನ ಮೊದಲ ವಾರದಲ್ಲೇ ಒಂದು ಬೆಳಿಗ್ಗೆ ಮಂಜು ಕವಿದು ಪುಣೆಯ ವಿಮಾನ ತಡವಾಯಿತು. ಜನ ಕೌಂಟರಿಗೆ ಮುಗಿಬಿದ್ದರು. ಸೂಪರ್‌ವೈಸರ್ ಹೇಳಿಕೊಟ್ಟಂತೆ ನಾನು ಎಲ್ಲರಿಗೂ "ಇನ್ ಸ್ವಲ್ಪ ಹೊತ್ತು ಸಾರ್, ಇನ್ ಸ್ವಲ್ಪ ಹೊತ್ತು ಮೇಡಂ" ಎನ್ನುತ್ತಿದ್ದೆ. ಅವರು ಯಾವಾಗ ನನ್ನ ಹಿಂದೆ ಬಂದು ನಿಂತರೋ ಗೊತ್ತಿಲ್ಲ.

"ಸ್ವಲ್ಪ ಹೊತ್ತು ಅಂದ್ರೆ ಎಷ್ಟು?"

"ಗೊತ್ತಿಲ್ಲ ಸಾರ್."

"ಹಾಗಾದ್ರೆ ಗೊತ್ತಿಲ್ಲ ಅನ್ನು. ಗೊತ್ತಾದ ತಕ್ಷಣ ನಾನೇ ಬಂದು ಹೇಳ್ತೀನಿ ಅನ್ನು. ಆಮೇಲೆ ಮರೀದೆ ಹೋಗಿ ಹೇಳು."

ಅಷ್ಟು ಪ್ರಯಾಣಿಕರ ಎದುರಿಗೇ ಹೇಳಿದರು. ನಾನು ಶೌಚಾಲಯಕ್ಕೆ ಹೋಗಿ ಅತ್ತು ಬಂದೆ. ಅವರಿಗೆ ಈ ಸ್ವಭಾವವಿತ್ತು. ಯಾರನ್ನಾದರೂ ಬೈಯುವುದಿದ್ದರೆ ಪಕ್ಕಕ್ಕೆ ಕರೆಯುತ್ತಿರಲಿಲ್ಲ, ಹೊಗಳುವುದಿದ್ದರೆ ಹೊಗಳುತ್ತಲೇ ಇರಲಿಲ್ಲ. ಶೂ ಪಾಲಿಶ್ ಆಗಿಲ್ಲವೆಂದು ಒಬ್ಬನನ್ನು ಮನೆಗೆ ಕಳಿಸಿದ್ದನ್ನು ನಾನೇ ನೋಡಿದ್ದೇನೆ.

ಅಂದು ಶಿಫ್ಟ್ ಮುಗಿಸಿ ಬನಶಂಕರಿಗೆ ಬರುವ ಬಸ್ಸು ಹತ್ತಿದರೆ ಅವರು ಕೂತಿದ್ದಾರೆ. ಕಂಪನಿ ಕಾರು ಕೊಟ್ಟಿತ್ತು, ಆದರೂ ಸಿಬ್ಬಂದಿಯ ಜೊತೆ ಬಸ್ಸಿನಲ್ಲೇ ಓಡಾಡುತ್ತಿದ್ದರು. ಪಕ್ಕದ ಸೀಟಿನಿಂದ ಬ್ಯಾಗು ತೆಗೆದು ಜಾಗ ಮಾಡಿಕೊಟ್ಟರು. ಹೆಬ್ಬಾಳ ದಾಟಿದ ಮೇಲೆ ಕಿಟಕಿಯಾಚೆ ನೋಡುತ್ತಲೇ ಹೇಳಿದರು: "ಪ್ಯಾಸೆಂಜರ್ಸ್ ಕೂಗಾಡೋದು ಕೋಪಕ್ಕಲ್ಲಮ್ಮ, ಹೆದರಿಕೆಗೆ. ಮದ್ವೆ ತಪ್ಪಿಹೋಗುತ್ತೆ, ಇಂಟರ್‌ವ್ಯೂ ತಪ್ಪಿಹೋಗುತ್ತೆ, ಯಾರೋ ಸಾಯ್ತಿದಾರೆ. ಹೆದರಿದವ್ರ ಹತ್ರ ಸುಳ್ಳು ಹೇಳ್ಬಾರ್ದು. ಇನ್ನೂ ಹೆದರ್ತಾರೆ." ಕ್ಷಮೆ ಕೇಳಲಿಲ್ಲ. ಇಳಿಯುವಾಗ ಮಾತ್ರ "ಊಟ ಮಾಡಿದ್ಯೇನಮ್ಮ?" ಎಂದರು.

ದೇವನಹಳ್ಳಿಯ ಕಡೆ ಮನೆ ಮಾಡಿಕೊಂಡಿದ್ದರೆ ದಿನದ ಅರ್ಧ ಅಲೆದಾಟ ಉಳಿಯುತ್ತಿತ್ತು. ಯಾರಾದರೂ ಹಾಗೆ ಹೇಳಿದರೆ, "ಅಲ್ಲಿದ್ರೆ ನಾನು ಮನೆಗೇ ಹೋಗಲ್ಲ" ಎನ್ನುತ್ತಿದ್ದರು. ಇಲ್ಲಿದ್ದರೂ ಹೆಚ್ಚೇನೂ ಹೋಗುತ್ತಿರಲಿಲ್ಲವೆಂದು ಮುಂದೆ ಅವರ ಹೆಂಡತಿಯನ್ನು ಕಂಡ ಮೇಲೆ ತಿಳಿಯಿತು.

ಅವರು ಹುಟ್ಟಿ ಬೆಳೆದದ್ದು ಶ್ರೀನಗರದಲ್ಲಿ. ತಂದೆಗೆ ಹಿಟ್ಟಿನ ಗಿರಣಿ ಇತ್ತು. ಅಣ್ಣ ಗಿರಣಿ ನೋಡಿಕೊಂಡರು, ಇವರು ಸಂಜೆ ಕಾಲೇಜಿನಲ್ಲಿ ಓದಿಕೊಂಡು ಹಗಲು ಹಳೆಯ ಏರ್‌ಪೋರ್ಟಿನಲ್ಲಿ ಪೆಟ್ಟಿಗೆಗಳಿಗೆ ಚೀಟಿ ಕಟ್ಟುವ ಕೆಲಸಕ್ಕೆ ಸೇರಿದರು. ಅಲ್ಲಿಂದ ಮೆಟ್ಟಿಲು ಮೆಟ್ಟಿಲಾಗಿ ಮೇಲೆ ಬಂದರು. ವಿಮಾನಗಳೆಂದರೆ ಅವರಿಗೆ ಪಂಚಪ್ರಾಣವೇನೂ ಆಗಿರಲಿಲ್ಲ. ಅದು ಬಸ್ಸೇ, ಸ್ವಲ್ಪ ದುಬಾರಿ ಬಸ್ಸು ಎನ್ನುತ್ತಿದ್ದರು. ಅವರ ಗಮನವೆಲ್ಲ ಹತ್ತುವವರ ಮೇಲೆ. ಗಾಲಿಕುರ್ಚಿಯಲ್ಲಿ ಕೂತವರ ಜೊತೆ ಎಂದೂ ನಿಂತು ಮಾತಾಡಲಿಲ್ಲ. ಪ್ಯಾಂಟು ಮೊಣಕಾಲ ಹತ್ತಿರ ಎಳೆದುಕೊಂಡು ಕುಕ್ಕರುಗಾಲಲ್ಲಿ ಕೂತು, ಅವರ ಮುಖದ ಮಟ್ಟಕ್ಕೆ ಬಂದು ಮಾತಾಡುತ್ತಿದ್ದರು. ಸೂಟು ಹಾಕಿದ ಮನುಷ್ಯ ಹಾಗೆ ಕೂತದ್ದನ್ನು ನೋಡಿ ಹೊಸಬರಿಗೆ ನಗು ಬರುತ್ತಿತ್ತು.

ಒಂದು ದಿನ ಭದ್ರತಾ ತಪಾಸಣೆಯಲ್ಲಿ ಅಜ್ಜಿಯೊಬ್ಬರು ಪಟ್ಟು ಹಿಡಿದು ನಿಂತುಬಿಟ್ಟರು. ಕೊರಳಲ್ಲಿ ಬೆಳ್ಳಿಯ ಕರಡಿಗೆ, ಒಳಗೆ ಇಷ್ಟಲಿಂಗ. ಯಂತ್ರ ಕೂಗಿತು. ತಪಾಸಣೆಯ ಹುಡುಗಿಗೆ ಅದು ಏನೆಂದು ತಿಳಿಯದು, ಅಜ್ಜಿಗೆ ಅವಳ ಹಿಂದಿ ತಿಳಿಯದು. ಮದುವೆಯಾದಾಗಿನಿಂದ ತೆಗೆದಿಲ್ಲ, ಪ್ರಾಣ ಹೋದರೂ ತೆಗೆಯುವುದಿಲ್ಲ ಎಂದು ಅಜ್ಜಿ ಎರಡೂ ಕೈಯಿಂದ ಎದೆ ಮುಚ್ಚಿಕೊಂಡಿದ್ದರು. ನಾನು ಸಾರ್‌ಗೆ ಫೋನ್ ಮಾಡಿದೆ. ಬಂದವರೇ ಟೈ ಸಡಿಲಿಸಿ, ಅಂಗಿಯ ಮೇಲಿನ ಗುಂಡಿ ಬಿಚ್ಚಿ, ತಮ್ಮ ಕೊರಳಿನ ಕರಡಿಗೆಯನ್ನು ಹೊರಗೆ ತೆಗೆದು ತೋರಿಸಿದರು.

"ಅಜ್ಜಿ, ನಂದೂ ಇದೆ ನೋಡಿ. ದಿನಾ ಇವ್ರಿಗೆ ತೋರಿಸ್ತೀನಿ. ಕೊರಳಿಂದ ತೆಗೆಯೋದೇನೂ ಬೇಡ, ಆ ಹುಡುಗಿ ಸುಮ್ನೆ ನೋಡ್ತಾಳೆ, ಅಷ್ಟೇ. ತೋರಿಸಿದ್ರೆ ಶಿವ ಏನೂ ಬೇಜಾರು ಮಾಡ್ಕೊಳ್ಳಲ್ಲ."

ಅಜ್ಜಿ ಅನುಮಾನದಿಂದ ನೋಡಿದರು. "ಯಾವೂರಪ್ಪ ನಿಂದು?"

"ಶ್ರೀನಗರ."

"ಕಾಶ್ಮೀರದ್ದಾ?"

"ಅಲ್ಲಜ್ಜಿ, ಹನುಮಂತನಗರದ ಪಕ್ಕದ್ದು."

ಅಜ್ಜಿ ನಕ್ಕರು, ಕೈ ಸರಿಸಿದರು. ಸಾರ್ ಟೈ ಸರಿಮಾಡಿಕೊಂಡು ಬರುತ್ತ ನನಗೆ, "ಇನ್ಮೇಲೆ ಇದನ್ನ ಆ ಹುಡುಗೀರಿಗೆಲ್ಲ ಹಿಂದೀಲಿ ತಿಳಿಸಿ ಹೇಳು. ಪ್ರತೀ ಸಲ ನಾನು ಗುಂಡಿ ಬಿಚ್ಕೊಂಡು ನಿಲ್ಲೋಕಾಗಲ್ಲ" ಎಂದರು.

ಅವರ ತಾಯಿ ತೀರಿಹೋದ ಸಂಗತಿಯನ್ನು ನನಗೆ ಮೊದಲು ಹೇಳಿದ್ದು ಹಳೆಯ ಸಹೋದ್ಯೋಗಿಗಳು, ಆಮೇಲೆ ಅವರ ಹೆಂಡತಿ. ಅವರಾಗಿ ಒಂದೇ ಒಂದು ಸಲ ಹೇಳಿದರು, ಅದೂ ಎರಡು ವಾಕ್ಯದಲ್ಲಿ. ಆಗ ಅವರನ್ನು ದೆಹಲಿಗೆ ಹಾಕಿದ್ದರು. ದೀಪಾವಳಿಯ ಹಿಂದುಮುಂದಿನ ದಿನಗಳು. ತಾಯಿ ಕೊನೆಯುಸಿರಿನಲ್ಲಿದ್ದಾರೆ, ಬೇಗ ಬಾ ಎಂದು ಅಣ್ಣ ಫೋನ್ ಮಾಡಿದರು. ಯಾವ ಕಂಪನಿಯ ವಿಮಾನದಲ್ಲೂ ಸೀಟಿಲ್ಲ. ನಮ್ಮ ಕೆಲಸದಲ್ಲಿರುವವರಿಗೆ ಸಿಬ್ಬಂದಿ ಟಿಕೆಟ್ ಎಂದಿರುತ್ತದೆ. ಎಲ್ಲ ಪ್ರಯಾಣಿಕರೂ ಹತ್ತಿ ಸೀಟು ಉಳಿದರೆ ಮಾತ್ರ ನಮಗೆ, ಇಲ್ಲದಿದ್ದರೆ ಮುಂದಿನ ವಿಮಾನಕ್ಕೆ ಕಾಯಬೇಕು. ಅಂದು ಸಂಜೆಯ ವಿಮಾನದಲ್ಲೂ ಒಂದೂ ಸೀಟು ಉಳಿಯಲಿಲ್ಲ. ಗೇಟಿನಲ್ಲಿದ್ದ ಅವರ ಕೈಕೆಳಗಿನ ಅಧಿಕಾರಿ, "ಸಾರ್, ಕೊನೇಲಿ ಬಂದ ಒಬ್ಬ ಸ್ಟೂಡೆಂಟ್ ಇದಾನೆ. ಸೀಟು ಜಾಸ್ತಿ ಬುಕ್ ಆಗ್ಬಿಟ್ಟಿದೆ ಅಂತ ಹೇಳಿ ಬೆಳಿಗ್ಗೆ ಕಳಿಸ್ತೀನಿ. ನೀವು ಹತ್ತಿ" ಎಂದರು. ದಿನನಿತ್ಯ ನಡೆಯುವ ಮಾತೇ. ಸಾರ್ ಒಪ್ಪಲಿಲ್ಲ. ವಿಮಾನದ ಬಾಗಿಲು ಮುಚ್ಚಿತು. ಮರುದಿನ ಮೊದಲ ವಿಮಾನದಲ್ಲಿ ಬಂದಾಗ ಶ್ರೀನಗರದ ಮನೆಯ ಜಗಲಿಯ ಮೇಲೆ ತಾಯಿಯನ್ನು ವಿಭೂತಿ ಹಚ್ಚಿ ಕೂರಿಸಿದ್ದರು. ಕೊನೆಯ ಗಳಿಗೆಯಲ್ಲಿ ಚಿಕ್ಕ ಮಗನ ಹೆಸರು ಹಿಡಿದು ಕರೆದಿದ್ದರಂತೆ.

ಅಣ್ಣ ಅಂದಿನಿಂದ ಮಾತು ಬಿಟ್ಟರು. "ಸೀಟ್ ಸಿಗ್ಲಿಲ್ಲ ಅಂದಿದ್ರೆ ಸುಮ್ನಿರ್ತಿದ್ದೆ. ಸಿಕ್ಕಿದ್ದನ್ನ ಬಿಟ್ಟೆ ಅಂತ ಬಂದು ಹೇಳ್ತಾನೆ" ಎಂದು ನೆಂಟರ ಮುಂದೆ ಹೇಳಿದರಂತೆ. ಹೇಳದೆ ಇದ್ದಿದ್ದರೆ ಯಾರಿಗೂ ಗೊತ್ತಾಗುತ್ತಿರಲಿಲ್ಲ. ಇವರು ಹೇಳಿದರು.

ನನಗೆ ಅವರು ಹೇಳಿದ ಎರಡು ವಾಕ್ಯ ಇಷ್ಟೇ: "ಆ ಹುಡುಗ ದುಡ್ ಕೊಟ್ಟು ಟಿಕೆಟ್ ತಗೊಂಡಿದ್ದ. ಅವನ ತಾಯಿ ಹೇಗಿದ್ರೋ ನಂಗೆ ಗೊತ್ತಿರ್ಲಿಲ್ಲ."

ಇದನ್ನು ಕೇಳಿದ ದಿನ ನಾನು ಮನೆಗೆ ಹೋಗಿ ನನ್ನ ಅಮ್ಮನಿಗೆ ಹೇಳಿದೆ. ಅಮ್ಮ ಸೊಪ್ಪು ಬಿಡಿಸುತ್ತಿದ್ದವರು ಕೈ ನಿಲ್ಲಿಸಿ, "ಒಳ್ಳೆಯವ್ರೇ ಇರ್ಬಹುದು ಕಣೇ. ಆದ್ರೆ ಅವ್ರಮ್ಮ ಕಾದ್ರಲ್ಲ" ಎಂದರು. ಇವತ್ತಿಗೂ ನನಗೆ ಎರಡೂ ಸರಿ ಅನಿಸುತ್ತದೆ.

ಕೆಲವು ವರ್ಷಗಳ ನಂತರ ಅವರು ವೈಸ್ ಪ್ರೆಸಿಡೆಂಟ್ ಆದರು. ದೇಶದ ಎಲ್ಲ ನಿಲ್ದಾಣಗಳೂ ಅವರ ಕೈಗೆ ಬಂದವು. ನಗರದ ಆಫೀಸಿನಲ್ಲಿ ಗಾಜಿನ ಕೋಣೆ ಕೊಟ್ಟರು. ಅಷ್ಟರಲ್ಲಿ ಕಂಪನಿ ಕುಸಿಯತೊಡಗಿತ್ತು. ಒಂದೊಂದೇ ಊರಿಗೆ ವಿಮಾನ ನಿಂತಿತು, ನಮ್ಮ ಸಂಬಳ ತಡವಾಗತೊಡಗಿತು. ಯಾರೋ ದೊಡ್ಡ ಹೂಡಿಕೆದಾರರು ಬರುತ್ತಾರೆ, ಎಲ್ಲ ಸರಿಹೋಗುತ್ತದೆ ಎಂದು ಮಾಲೀಕರು ಹೇಳುತ್ತಿದ್ದರು. ನಾವೂ ನಂಬಿದ್ದೆವು. ಮನೆ ಸಾಲ ಇದ್ದವರು ಇನ್ನೂ ಗಟ್ಟಿಯಾಗಿ ನಂಬಿದ್ದರು.

ಆ ಮಧ್ಯಾಹ್ನ ದೆಹಲಿಯ ವಿಮಾನ ಗೇಟಿನಲ್ಲಿ ನಿಂತಿತ್ತು, ಆದರೆ ಇಂಧನ ಹಾಕುವವರು ಬರಲಿಲ್ಲ. ಬಾಕಿ ತೀರಿಸುವವರೆಗೆ ಹಾಕುವುದಿಲ್ಲವೆಂದು ನಿಲ್ಲಿಸಿದ್ದರು. ತಾಂತ್ರಿಕ ತೊಂದರೆ ಎಂದು ಹೇಳಿ ಎಂದು ಮಾಲೀಕರ ಕಚೇರಿಯಿಂದ ನಮಗೆ ಸೂಚನೆ ಬಂತು. ಹೇಳಿದೆವು. ಒಂದು ಗಂಟೆಯಾದ ಮೇಲೆ ಮತ್ತೆ ಅದನ್ನೇ ಹೇಳಿದೆವು. ಜನ ಗಾಜಿನಾಚೆ ನೋಡಿ, "ರಿಪೇರಿ ಮಾಡೋರು ಒಬ್ರೂ ಕಾಣ್ತಿಲ್ವಲ್ರೀ" ಎಂದು ಕೇಳತೊಡಗಿದರು.

ಸಾರ್ ಆಫೀಸಿನಿಂದ ಬಂದರು. ಬರಬೇಕಾದ ಅಗತ್ಯವೇನೂ ಅವರಿಗಿರಲಿಲ್ಲ. ಗೇಟಿನ ಪಕ್ಕ ನಿಂತು ಫೋನಿನಲ್ಲಿ ಮಾತಾಡಿದರು. ನಾನು ಹತ್ತಿರದಲ್ಲೇ ಇದ್ದೆ. ಆ ಕಡೆಯವರು ಏನು ಹೇಳಿದರೋ ಕೇಳಿಸಲಿಲ್ಲ. ಇವರು, "ಇವತ್ತೂ ಹೋಗಲ್ಲ, ನಾಳೇನೂ ಹೋಗಲ್ಲ ಅಂತ ನಿಮಗೂ ಗೊತ್ತು, ನನಗೂ ಗೊತ್ತು" ಎಂದರು. ಸ್ವಲ್ಪ ಕೇಳಿಸಿಕೊಂಡು, "ಆಗಲಿ, ಯಾರಾದ್ರೂ ಕೇಳಿದ್ರೆ ನನ್ನ ಹೆಸರೇ ಹೇಳಿ" ಎಂದು ಫೋನ್ ಜೇಬಿಗಿಟ್ಟರು. ಆಮೇಲೆ ನನ್ನ ಕೈಯಿಂದ ಮೈಕ್ ತೆಗೆದುಕೊಂಡರು.

ಮೊದಲು ಕನ್ನಡದಲ್ಲಿ, ಆಮೇಲೆ ಹಿಂದಿ, ಇಂಗ್ಲಿಷಿನಲ್ಲಿ ಹೇಳಿದರು. ತಮ್ಮ ಹೆಸರು, ಹುದ್ದೆ ಹೇಳಿದರು. "ಈ ವಿಮಾನಕ್ಕೆ ತಾಂತ್ರಿಕ ತೊಂದರೆ ಇಲ್ಲ. ಕಂಪನಿ ಹತ್ರ ಎಣ್ಣೆ ಹಾಕ್ಸೋಕೆ ದುಡ್ಡಿಲ್ಲ. ಇದು ಇವತ್ತು ಹೋಗಲ್ಲ, ನಾಳೆ ಹೋಗುತ್ತೆ ಅಂತ ನಾನು ಹೇಳಲ್ಲ. ಕಾಯ್ಬೇಡಿ. ಬೇರೆ ದಾರಿ ನೋಡ್ಕೊಳ್ಳಿ. ತುರ್ತಾಗಿ ಹೋಗಲೇಬೇಕಾದವ್ರು ನನ್ನ ಹತ್ರ ಬನ್ನಿ, ಕೈಲಾದಷ್ಟು ಮಾಡ್ತೀನಿ. ನಿಮ್ಮನ್ನ ಇಷ್ಟು ಹೊತ್ತು ಕೂರಿಸಿದ್ದು ತಪ್ಪು."

ಆಮೇಲೆ ಒಮ್ಮೆಗೇ ಗದ್ದಲ. ದಾವಣಗೆರೆಯಿಂದ ಬಂದಿದ್ದ ಒಬ್ಬರು ನುಗ್ಗಿ ಬಂದು ಅವರ ಕಾಲರ್ ಹಿಡಿದರು. "ನನ್ ಮಗ್ಳಿಗೆ ನಾಳೆ ಆಪರೇಷನ್ ಐತ್ರಿ. ಅಲ್ಲಿ ಒಬ್ಬಾಕಿನೇ ಅದಾಳ. ಮುಂಜಾನೇನೇ ಹೇಳಿದ್ರ ಟ್ರೈನಿಗೆ ಹೋಗ್ತಿದ್ದೆ" ಎಂದು ಅಲುಗಾಡಿಸಿದರು. ಭದ್ರತೆಯವರು ಓಡಿ ಬಂದರು. ಸಾರ್ ಕೈಯೆತ್ತಿ ಅವರನ್ನು ತಡೆದು, "ಬಿಡಿ, ಅವ್ರು ಕೇಳೋದ್ರಲ್ಲಿ ತಪ್ಪಿಲ್ಲ" ಎಂದರು. ಆ ಮನುಷ್ಯ ತಾನಾಗಿಯೇ ಕೈ ಬಿಟ್ಟು ಕುರ್ಚಿಯಲ್ಲಿ ಕುಸಿದರು. ಸಾರ್ ಅವರ ಮುಂದೆ ಕುಕ್ಕರುಗಾಲಲ್ಲಿ ಕೂತು, ಬೇರೆ ಕಂಪನಿಗಳ ಮ್ಯಾನೇಜರುಗಳಿಗೆ ಒಬ್ಬೊಬ್ಬರಿಗೇ ಫೋನ್ ಮಾಡತೊಡಗಿದರು. ಅವರಲ್ಲಿ ಹಲವರು ಒಂದು ಕಾಲಕ್ಕೆ ಇವರ ಕೈಕೆಳಗೆ ಕೆಲಸ ಕಲಿತವರು. "ಒಂದ್ ಸೀಟ್ ಕೊಡಪ್ಪ, ನನಗಲ್ಲ" ಎನ್ನುತ್ತಿದ್ದರು. ಕತ್ತಲಾಗುವಷ್ಟರಲ್ಲಿ ಆ ತಂದೆಗೂ, ತುರ್ತಿದ್ದ ಇನ್ನು ಕೆಲವರಿಗೂ ಸೀಟು ಸಿಕ್ಕಿತು. ಎಲ್ಲರಿಗೂ ಸಿಗಲಿಲ್ಲ.

ಯಾರೋ ತೆಗೆದ ವಿಡಿಯೊ ಆ ಸಂಜೆಯೇ ಊರೆಲ್ಲ ಸುತ್ತಿತು. ಆ ವಾರದಲ್ಲಿ ಕಂಪನಿ ಮುಚ್ಚಿತು. ಹೂಡಿಕೆದಾರರು ಹಿಂದೆ ಸರಿದದ್ದು ಆ ವಿಡಿಯೊದಿಂದಲೇ ಎಂದು ಮಾಲೀಕರು ಹೇಳಿದರು. ಹೊರಗಿನವರಿಗೆ ಸಾರ್ ಹೀರೊ ಆದರು. ಒಳಗಿನ ನಮ್ಮಲ್ಲಿ ಹಲವರಿಗೆ ಅವರು ಅನ್ನ ಕಿತ್ತುಕೊಂಡವರು. ಲಗೇಜು ವಿಭಾಗದ ಹಳಬರೊಬ್ಬರು ಅವರ ಮುಖಕ್ಕೇ, "ಒಂದ್ ವಾರ ಸುಮ್ನಿದ್ದಿದ್ರೆ ನಮ್ ಮಕ್ಳು ಉಣ್ತಿದ್ರು ಸಾರ್" ಎಂದರು. ಆ ಹೂಡಿಕೆದಾರರು ನಿಜವಾಗಿ ಇದ್ದರೋ ಇಲ್ಲವೋ ನಮಗೆ ಇಂದಿಗೂ ಗೊತ್ತಿಲ್ಲ. ಇದ್ದಿರಲಿಕ್ಕಿಲ್ಲ ಎಂದು ನನ್ನ ಅಂದಾಜು. ಆದರೆ ಗೊತ್ತಿಲ್ಲದ್ದನ್ನು ಗೊತ್ತಿದೆ ಎಂದು ಹೇಳುವುದನ್ನು ಅವರೇ ಬಿಡಿಸಿದ್ದರು.

ಇನ್ನೊಂದು ದೊಡ್ಡ ಕಂಪನಿ ಅವರನ್ನು ಕರೆಯಿತು. ಎಲ್ಲ ಮಾತುಕತೆ ಮುಗಿದು ಕೊನೆಗೆ ಒಂದು ಪ್ರಶ್ನೆ ಕೇಳಿದರಂತೆ: ಅಂಥದ್ದೇ ಪರಿಸ್ಥಿತಿ ಇಲ್ಲಿ ಬಂದರೆ ಏನು ಮಾಡುತ್ತೀರಿ? ಇವರು, "ಮೊದಲು ನಿಮಗೆ ಹೇಳ್ತೀನಿ. ನೀವು ಹೇಳದಿದ್ರೆ ನಾನು ಹೇಳ್ತೀನಿ" ಎಂದರಂತೆ. ಆ ಕೆಲಸ ಬರಲಿಲ್ಲ. ಮತ್ತೆ ಯಾರೂ ಕರೆಯಲೂ ಇಲ್ಲ. ನಿವೃತ್ತಿಗೆ ಇನ್ನೂ ವರ್ಷಗಳಿದ್ದವು.

ಸ್ವಲ್ಪ ದಿನ ಯಡಿಯೂರು ಕೆರೆಯ ಸುತ್ತ ಬೆಳಿಗ್ಗೆ ಸಂಜೆ ನಡೆದರು. ಆಮೇಲೆ ತಮಗೆ ಸಿಗದ ಕೆಲಸವನ್ನು ನಮಗೆಲ್ಲ ಹುಡುಕತೊಡಗಿದರು. ಮನೆಯ ಮುಂದಿನ ಕೋಣೆಯಲ್ಲಿ ಪ್ಲಾಸ್ಟಿಕ್ ಕುರ್ಚಿಗಳನ್ನು ಹಾಕಿಸಿದರು. ಕೌಂಟರಿನವರು, ಲಗೇಜಿನವರು, ಬಸ್ಸು ಓಡಿಸುತ್ತಿದ್ದವರು ಅಲ್ಲಿಗೆ ಬರುತ್ತಿದ್ದರು. ಇವರು ಬಯೋಡೇಟಾ ತಿದ್ದುವುದು, ಸಂದರ್ಶನದ ಅಭ್ಯಾಸ ಮಾಡಿಸುವುದು, ಎಲ್ಲೆಲ್ಲಿಗೋ ಫೋನ್ ಮಾಡುವುದು. ಆಸ್ಪತ್ರೆ, ಹೋಟೆಲು, ಮಾಲು, ಎಲ್ಲಿ ಜನರನ್ನು ಎದುರಿಸುವ ಕೆಲಸವಿದೆಯೋ ಅಲ್ಲಿ. ನನಗೆ ಈಗಿನ ಕಂಪನಿಯಲ್ಲಿ ಕೆಲಸ ಸಿಕ್ಕಿದ್ದು ಹಾಗೆ. ಮುಖಕ್ಕೆ ಹೊಡೆದಂತೆ ಮಾತಾಡಿದ್ದ ಲಗೇಜಿನವರಿಗೆ ಜಯನಗರದ ಆಸ್ಪತ್ರೆಯೊಂದರಲ್ಲಿ ಸಿಕ್ಕಿತು. ಅವರು ಹಣ್ಣು ತೆಗೆದುಕೊಂಡು ಬಂದರು. ಸಾರ್ ಆಗಲೂ, "ಶೂ ಪಾಲಿಶ್ ಮಾಡ್ಕೊಂಡು ಹೋಗಪ್ಪ" ಎಂದಷ್ಟೇ ಹೇಳಿದರು.

ಅವರ ಹೆಂಡತಿ, ನಮಗೆಲ್ಲ ಮೇಡಂ, ಧಾರವಾಡದ ಕಡೆಯವರು. ಬಂದವರಿಗೆಲ್ಲ ಚಹಾ ತಂದಿಟ್ಟು, ಬಾಗಿಲಿಗೆ ಒರಗಿ ನಿಂತು, "ಇಷ್ಟ್ ವರ್ಷ ಇವರು ಮನ್ಯಾಗ ಇರಲಿಲ್ಲ. ಈಗ ಮನೀನ ಏರ್‌ಪೋರ್ಟ್ ಆಗೇದ" ಎನ್ನುತ್ತಿದ್ದರು. ಮುನಿಸೋ ತಮಾಷೆಯೋ ಹೇಳುವುದು ಕಷ್ಟ. ಎರಡೂ ಇತ್ತು. ವಿಮಾನ ಕಂಪನಿಯ ದೊಡ್ಡ ಅಧಿಕಾರಿಯ ಹೆಂಡತಿಯಾಗಿದ್ದೂ ಅವರು ಗಂಡನ ಪಕ್ಕದಲ್ಲಿ ಕೂತು ಒಮ್ಮೆಯೂ ವಿಮಾನದಲ್ಲಿ ಹೋಗಿರಲಿಲ್ಲ. ಸಿಬ್ಬಂದಿ ಟಿಕೆಟ್ಟಿನಲ್ಲಿ ಹೊರಟಾಗಲೆಲ್ಲ ಅವರನ್ನು ಯಾವುದೋ ಮೂಲೆಯ ಸೀಟಿನಲ್ಲಿ ಕೂರಿಸಿ ಸಾರ್ ಇನ್ನೆಲ್ಲೋ ಕೂರುತ್ತಿದ್ದರು, ಅಥವಾ ಅವರನ್ನು ಕಳಿಸಿ ಇವರು ಹಿಂದೆ ಉಳಿಯುತ್ತಿದ್ದರು. ಕೆಲವು ಸಲ ಅವರಿಬ್ಬರೂ ಪೆಟ್ಟಿಗೆ ಹಿಡಿದು ಮನೆಗೆ ವಾಪಸ್ಸು ಬಂದದ್ದೂ ಉಂಟು.

ಕಳೆದ ವರ್ಷ ಒಂದು ದಿನ ನನ್ನ ಕೌಂಟರಿನ ಸಾಲಿನಲ್ಲಿ ಅವರಿಬ್ಬರೂ ನಿಂತಿದ್ದರು. ಹುಬ್ಬಳ್ಳಿಗೆ. ಅಲ್ಲಿಂದ ಹೆಂಡತಿಯ ತವರಿಗೆ. ನಾನು ಮುಂದೆ ಬರಲು ಕೈಸನ್ನೆ ಮಾಡಿದೆ. ಅವರು ಇಲ್ಲವೆಂದು ತಲೆಯಾಡಿಸಿದರು. ಸರದಿ ಬಂದಾಗ ಮೇಡಂ ನನ್ನ ಕಡೆ ಬಾಗಿ, "ಖರೇ ಟಿಕೆಟ್ ತಗೊಂಡೀವಿ ಈ ಸಲ. ಜೋಡಿ ಸೀಟ್ ಕೊಡವಾ" ಎಂದರು. ಕೊಟ್ಟೆ.

ವಿಮಾನ ತಡವಾಯಿತು. ಗೇಟಿನಲ್ಲಿ ಒಂದು ಹೊಸ ಹುಡುಗಿ ಜನರ ನಡುವೆ ಸಿಕ್ಕಿಕೊಂಡು ತಡವರಿಸುತ್ತಿದ್ದಳು. ನಾನು ಅವಳ ನೆರವಿಗೆ ಹೋದಾಗ ಕಂಡದ್ದು ಇದು: ಸಾರ್ ಕುರ್ಚಿಯ ತುದಿಗೆ ಬಂದು ಏಳುವುದರಲ್ಲಿದ್ದರು. ಮೇಡಂ ಅವರ ಮಣಿಕಟ್ಟು ಹಿಡಿದುಕೊಂಡಿದ್ದರು. "ಕೂಡ್ರಿ. ಇವತ್ತ ನೀವು ಪ್ಯಾಸೆಂಜರ್ ಅದೀರಿ." ಸಾರ್ ಸ್ವಲ್ಪ ಹೊತ್ತು ಆ ಹುಡುಗಿಯನ್ನೇ ನೋಡಿದರು. ಆಮೇಲೆ ಹಿಂದಕ್ಕೆ ಸರಿದು ಕೂತರು. ನಾನು ಅವರನ್ನು ಕೊನೆಯದಾಗಿ ಕಂಡದ್ದು ಅಂದೇ.

ಒಂದು ಬೆಳಿಗ್ಗೆ ಕೆರೆಯ ಕಡೆಯಿಂದ ನಡೆದು ಬಂದವರು ಎದೆನೋವೆಂದು ಮಲಗಿದರು, ಮತ್ತೆ ಏಳಲಿಲ್ಲ. ಮಣ್ಣು ಮಾಡಲು ಶ್ರೀನಗರದಿಂದ ಅಣ್ಣ ಬಂದರು. ತಮ್ಮನ ಹಣೆಗೆ ವಿಭೂತಿ ಹಚ್ಚುವವರು ಬೇರೆ ಯಾರೋ ಇದ್ದರು, ಅವರ ಕೈಯಿಂದ ತೆಗೆದುಕೊಂಡು ತಾವೇ ಹಚ್ಚಿದರು.

ಎಲ್ಲ ಮುಗಿದ ಮೇಲೆ ಒಂದು ಸಂಜೆ ಮೇಡಂ ಅವರನ್ನು ನೋಡಲು ಹೋದೆ. ಮುಂದಿನ ಕೋಣೆಯ ಪ್ಲಾಸ್ಟಿಕ್ ಕುರ್ಚಿಗಳನ್ನು ಒಂದರ ಮೇಲೊಂದು ಪೇರಿಸಿಟ್ಟಿದ್ದರು. ಒಂದನ್ನು ಇಳಿಸಿ ನನ್ನನ್ನು ಕೂರಿಸಿದರು. ಹುಬ್ಬಳ್ಳಿಯ ಪ್ರಯಾಣ ಹೇಗಾಯಿತೆಂದು ಆಮೇಲೆ ಕೇಳಲೇ ಇಲ್ಲ ನೋಡಿ ಎಂದೆ.

"ಹೆಂಗ್ ಆಗ್ತದ? ವಿಮಾನ ಏರೂದ ತಡ, ನನ್ನ ಹೆಗಲಿಗೆ ತಲಿ ಇಟ್ಟು ನಿದ್ದಿ ಹೋದ್ರು. ನಾನ್ ಒಬ್ಬಾಕಿನ ಮೋಡ ನೋಡಿದೆ. ಎಬ್ಬಿಸಬೇಕಂತ ಅನಸಲಿಲ್ಲ. ವಿಮಾನ ಇಳಿದು ನಿಂತ ಮ್ಯಾಲೆ ಎದ್ರು. ಎದ್ದವರ, ಎಷ್ಟ್ ಲೇಟ್ ಆತು ಅಂದ್ರು."

"ನೀವೇನಂದ್ರಿ?"

"ಏನೂ ಲೇಟ್ ಆಗಿಲ್ಲ, ಬರೊಬ್ಬರಿ ಟೈಮಿಗೆ ಬಂದೀವಿ ಅಂದೆ." ಮೇಡಂ ಸೆರಗಿನಿಂದ ಕಣ್ಣೊರೆಸಿಕೊಂಡರು. "ಸುಳ್ಳು ಅಂತ ಅವರಿಗೆ ಗೊತ್ತಿತ್ತು. ನನ್ನ ಮಾರಿ ನೋಡಿ ನಕ್ಕು, ಹಂಗಾದ್ರ ಛಲೋ ಆತು ಅಂದ್ರು."